ನಾಲ್ಕನೇ ಜ್ವರದ ಪಟ

ಇಲ್ಲ, ಬಳೆ ಹಸಿರಾಗಿರಲಿಲ್ಲ ಅನ್ನಿಸುತ್ತದೆ. ಬಳೆ ಇತ್ತೋ ಇಲ್ಲವೋ ಅದೇ ಖಚಿತವಿಲ್ಲದಿರುವಾಗ ಬಣ್ಣದ ಮಾತು ಯಾಕೆ? ಅಗರದ ಮದುವೆ ಚಪ್ಪರದಲ್ಲಿ ಅವರು ನನ್ನ ಕೈಗೆ ಕೊಟ್ಟ ಫೋನಿನಲ್ಲಿ ರೇಷ್ಮೆ ಹುಳುಗಳಿದ್ದವು, ಅದು ನಿಜ. ಹುಳುಗಳು ಅಲ್ಲಾಡುತ್ತಿರಲಿಲ್ಲ, ಅದೂ ನಿಜ. ಪಟದ ಎಡ ಮೂಲೆಯಲ್ಲಿ ಹೆಂಗಸಿನ ಕೈಯೊಂದು, ಮೊಣಕೈವರೆಗೆ, ಸುಣ್ಣದ ಪುಡಿ ಎರಚುತ್ತಿದ್ದ ಹಾಗೇ ಗಾಳಿಯಲ್ಲಿ ನಿಂತಿತ್ತು ಎಂದು ಈಗ ನನ್ನ ನೆನಪು ಹೇಳುತ್ತಿದೆ. ಮೂರು ವಾರದ ಹಿಂದೆ ಈ ನೆನಪು ನನ್ನಲ್ಲಿ ಇರಲಿಲ್ಲ. ಆದ್ದರಿಂದ ನಂಬುತ್ತಿಲ್ಲ. ಬಿಡಲೂ ಆಗುತ್ತಿಲ್ಲ.

ಅವರ ಹೆಸರು ಬರೆಯುವುದಿಲ್ಲ. ಮಧುವನಹಳ್ಳಿಯಲ್ಲಿ ನಮ್ಮ ಮನೆಯಿಂದ ಮೂರನೇ ಮನೆ. ನಾನು ಅವರನ್ನು ಅಣ್ಣ ಎಂದು, ಅವರ ಹೆಂಡತಿಯನ್ನು ಅತ್ತಿಗೆ ಎಂದು ಕರೆಯುತ್ತಿದ್ದೆ. ಸಂಬಂಧವೇನೂ ಇಲ್ಲ, ಬೀದಿಯ ಬಳಕೆ. ಈ ಸಲ ಯುಗಾದಿ ಕಳೆದ ಮೇಲೆ ಅವರು ಹಿಪ್ಪುನೇರಳೆ ತೋಟದಲ್ಲಿ ನೀರು ಕಟ್ಟಲು ಹೋದವರು ಬದುವಿನ ಮೇಲೆ ಕೂತಿದ್ದ ಹಾಗೇ ತೀರಿಕೊಂಡರು. ಎದೆ ನೋವು ಬಂದಾಗ ಕೈಯಲ್ಲಿದ್ದ ವಾಚು ನೋಡಿಕೊಂಡು ‘ಎಲ್ಲಾ ಸರ್ಯಾಗೇ ಅದೆ’ ಅಂದರಂತೆ, ಆಮೇಲೆ ಸತ್ತರಂತೆ ಎಂದು ಊರಲ್ಲಿ ಹೇಳುತ್ತಾರೆ. ಕಥೆ ಚೆನ್ನಾಗಿದೆ. ಆದರೆ ಆ ಬೆಳಿಗ್ಗೆ ವಾಚು ಅವರ ಮನೆಯ ಗೋಡೆಗೂಡಿನಲ್ಲಿ ಚಾರ್ಜಿಗೆ ಇತ್ತು, ನಾನೇ ನೋಡಿದ್ದೇನೆ. ಬದುವಿನ ಮೇಲೆ ಅವರ ಜೊತೆ ಯಾರೂ ಇರಲಿಲ್ಲ. ಮಾತು ಕೇಳಿಸಿಕೊಂಡವರು ಯಾರು?

ಅವರನ್ನು ನಾನು ಹೆಚ್ಚಾಗಿ ನೋಡಿದ್ದು ಕೊಳ್ಳೇಗಾಲದಲ್ಲಿ. ಬಸ್ ಸ್ಟ್ಯಾಂಡಿನ ಹಿಂದಿನ ಬೀದಿಯಲ್ಲಿ ಅವರದೊಂದು ರೇಡಿಯೊ ರಿಪೇರಿ ಅಂಗಡಿ. ಇಬ್ಬರು ಒಳಗೆ ನಿಂತರೆ ಮೂರನೆಯವರು ಬೀದಿಯಲ್ಲಿ ನಿಲ್ಲಬೇಕು. ನಾನು ಹನೂರಿನ ಶಾಲೆಗೆ ಹೊಸದಾಗಿ ಮೇಷ್ಟ್ರಾಗಿ ಸೇರಿದ್ದೆ. ಬಸ್ಸು ಬದಲಿಸುವ ನಡುವೆ ಅರ್ಧ ಗಂಟೆ ಅಲ್ಲಿ ಕೂರುತ್ತಿದ್ದೆ. ರೇಡಿಯೊ ತಂದವರು ಅದಕ್ಕೆ ಏನಾಗಿದೆ ಎಂದು ವಿವರಿಸಲು ಶುರು ಮಾಡಿದರೆ ಅಣ್ಣ ಅಂಗೈ ಎತ್ತಿ ತಡೆಯುತ್ತಿದ್ದರು.

‘ನೀವ್ ಸುಮ್ಕಿರಿ ಸಾ. ಏನಾಗದೆ ಅಂತ ಅದೇ ಏಳ್ಲಿ.’

ಸ್ವಿಚ್ಚು ಹಾಕಿ, ಕಣ್ಣು ಮುಚ್ಚಿ, ಕಿವಿಯನ್ನು ಡಬ್ಬದ ಹತ್ತಿರ ತಂದು, ಒಂದು ಬೆರಳಿನಿಂದ ಮೆಲ್ಲಗೆ ತಟ್ಟುತ್ತಿದ್ದರು. ಸ್ಕ್ರೂ ಬಿಚ್ಚುವ ಮೊದಲೇ ಒಳಗೆ ಏನು ಹೋಗಿದೆ ಎಂದು ಹೇಳುತ್ತಿದ್ದರು. ‘ಮಿಷಿನ್ ಸುಳ್ಳೇಳಲ್ಲ ಕಣ್ಲಾ. ಸುಳ್ಳೇಳಕೆ ಅದ್ಕೇನ್ ಎಂಡ್ರು ಮಕ್ಳು ಅವ್ರಾ?’ ಈ ಮಾತು ನೂರು ಸಲ ಕೇಳಿದ್ದೇನೆ. ನೂರು ಎನ್ನುವುದು ಸುಮ್ಮನೆ ಬಂತು. ಹತ್ತು ಸಲ ಇರಬಹುದು.

ಡಿಶ್ ಬಂದ ಕಾಲದಲ್ಲಿ ಅವರಿಗೆ ತಮಿಳು ಮಾತಾಡುವ ಮಾರ್ಟಳ್ಳಿ ಕಡೆಯಿಂದ ಕರೆ ಜಾಸ್ತಿ. ಒಂದು ರಜೆಯ ದಿನ ನಾನೂ ಜೊತೆಗೆ ಹೋಗಿದ್ದೆ. ಅವರು ಹೆಂಚಿನ ಮೇಲೆ ಕೂತು ಡಿಶ್ಶನ್ನು ಕೂದಲೆಳೆಯಷ್ಟು ತಿರುಗಿಸುತ್ತಿದ್ದರು. ಕೆಳಗೆ ಬಾಗಿಲಲ್ಲಿ ಆ ಮನೆಯ ಅಜ್ಜಿ, ಒಂದು ಕಣ್ಣು ಟೀವಿಯ ಮೇಲೆ, ಒಂದು ಕಣ್ಣು ಹೆಂಚಿನ ಮೇಲೆ.

‘ತೆರಿಯುದಾ ಪಾಟಿ?’ ಕಾಣುತ್ತಾ ಅಜ್ಜಿ ಎಂದು ಅಣ್ಣ.

‘ಇಲ್ಲಪ್ಪಾ.’

‘ಈಗ?’

‘ಪುಳ್ಳಿ ಪುಳ್ಳಿಯಾ ಇರುಕ್ಕು.’ ಬರೀ ಚುಕ್ಕೆ ಚುಕ್ಕೆ ಎಂದು.

‘ಈಗ ನೋಡು ಪಾಟಿ.’

‘ತೆರಿಯುದು! ತೆರಿಯುದು! ವಿಡು, ತೊಡಾದೆ!’ ಕಾಣ್ತಿದೆ, ಬಿಡು, ಮುಟ್ಟಬೇಡ ಎಂದು ಅಜ್ಜಿ ಎರಡೂ ಕೈ ಎತ್ತಿ ಕೂಗಿದಳು. ಅಣ್ಣ ಕೆಳಗಿಳಿದು ನೋಡಲೇ ಇಲ್ಲ. ಅಲ್ಲೇ ನಟ್ಟು ಬಿಗಿ ಮಾಡಿದರು. ವಾಪಸು ಬರುವಾಗ ನಾನು, ‘ನೀವೊಂದ್ ಸಲ ನೋಡ್ಬೇಕಿತ್ತಲ್ವಾ?’ ಅಂದೆ. ‘ನೋಡೋಳು ಅವ್ಳು. ಅವ್ಳ್ ಕಣ್ಗೆ ಬಿದ್ರೆ ಬಿತ್ತು’ ಅಂದರು.

ಈ ಮಾತನ್ನು ನಾನು ಬಹಳ ದಿನದಿಂದ ಜೋಪಾನ ಮಾಡಿಕೊಂಡು ಬಂದಿದ್ದೇನೆ. ಮುಂದೆ ಆದದ್ದಕ್ಕೆ ಇದು ಇಷ್ಟು ಚೆನ್ನಾಗಿ ಹೊಂದುತ್ತದೆ ಎಂಬುದೇ ನನ್ನ ಅನುಮಾನಕ್ಕೆ ಕಾರಣ. ಅವರು ಬರೀ ‘ಬಿಸ್ಲು ಕಣ್ಲಾ, ನಡಿ’ ಅಂದಿರಲೂಬಹುದು.

ಫೋನು ಬಂದು ರೇಡಿಯೊ, ಟೇಪು ಎಲ್ಲವನ್ನೂ ನುಂಗಿತು. ಅವರು ಅಂಗಡಿಗೆ ಬೀಗ ಹಾಕಿ ಊರು ಸೇರಿದರು. ಬೇರೆಯವರಾಗಿದ್ದರೆ ಫೋನನ್ನು ಬೈಯುತ್ತಿದ್ದರೋ ಏನೋ. ಇವರು ತಮ್ಮ ಅಂಗಡಿ ಮುಚ್ಚಿಸಿದ್ದನ್ನೇ ಮೆಚ್ಚಿಕೊಂಡರು. ಒಂದಾದ ಮೇಲೊಂದು ಫೋನು ಬಂತು, ಆಮೇಲೆ ಕೈಗೆ ಆ ವಾಚು ಬಂತು. ಎಷ್ಟು ನಡೆದೆ, ಎಷ್ಟು ನಿದ್ದೆ ಮಾಡಿದೆ ಎಂದು ವಾಚು ಹೇಳುತ್ತಿತ್ತು. ಬೆಳಿಗ್ಗೆ ಜಗಲಿಯ ಮೇಲೆ ಕೂತವರನ್ನು ‘ಚೆನ್ನಾಗ್ ನಿದ್ದೆ ಬಂತಾ ಅಣ್ಣ?’ ಎಂದು ಕೇಳಿದರೆ ಮಣಿಕಟ್ಟು ತಿರುಗಿಸಿ ನೋಡಿ, ‘ಇಲ್ಲ ಕಣ್ಲಾ, ಸಾಲ್ದು’ ಎನ್ನುತ್ತಿದ್ದರು. ಅದುವರೆಗೂ ಗೆಲುವಾಗಿದ್ದ ಮುಖ ಆಮೇಲೆ ಬಾಡುತ್ತಿತ್ತು.

ಒಳಗಿನಿಂದ ಅತ್ತಿಗೆ: ‘ಅಸಿವಾಗದಾ ಅಂತಾನೂ ಅದ್ನೇ ಕೇಳಿ. ಆಗದೆ ಅಂದ್ರೆ ಮುದ್ದೆ ತಿರುವ್ತೀನಿ.’

ಅತ್ತಿಗೆ ಅಗರದವರು. ಹುಳು ಸಾಕುವ ಮನೆಯಲ್ಲಿ ಹುಟ್ಟಿದವರು. ಮಧುವನಹಳ್ಳಿಗೆ ಬಂದ ಮೇಲೂ ಅವರ ಸಂಸಾರ ನಡೆದದ್ದು ಮುಖ್ಯವಾಗಿ ಹುಳುಮನೆಯಿಂದ. ಓದುವವರಿಗೆ ಒಂದು ವಿಷಯ ಹೇಳಿಬಿಡಬೇಕು. ರೇಷ್ಮೆ ಹುಳು ಗೂಡು ಕಟ್ಟುವುದರೊಳಗೆ ನಾಲ್ಕು ಸಲ ಪೊರೆ ಬಿಡುತ್ತದೆ. ಅದಕ್ಕೆ ಜ್ವರ ಎನ್ನುತ್ತಾರೆ. ಜ್ವರಕ್ಕೆ ಕೂತ ಹುಳು ತಿನ್ನುವುದಿಲ್ಲ, ಕದಲುವುದಿಲ್ಲ. ತಲೆ ಎತ್ತಿಕೊಂಡು ಹಾಗೇ ಕಲ್ಲಾಗಿರುತ್ತದೆ. ಆಗ ಸೊಪ್ಪು ಹಾಕಬಾರದು, ಸುಣ್ಣದ ಪುಡಿ ಎರಚಿ ಸುಮ್ಮನಿರಬೇಕು. ನಾಲ್ಕನೇ ಜ್ವರವೇ ಎಲ್ಲಕ್ಕಿಂತ ಉದ್ದ, ಒಂದು ದಿನಕ್ಕೂ ಮೇಲೆ. ಎಲ್ಲ ಏಳುವ ಮೊದಲೇ ಸೊಪ್ಪು ಹಾಕಿದರೆ ಎದ್ದವು ತಿಂದು ಮುಂದೆ ಹೋಗುತ್ತವೆ, ಮಲಗಿದವು ಹಿಂದೆ ಬೀಳುತ್ತವೆ. ತಡ ಮಾಡಿದರೆ ಹಸಿದು ಸೊರಗಿ ರೋಗಕ್ಕೆ ಬೀಳುತ್ತವೆ. ಆ ಹೊತ್ತು ಯಾವುದು ಎಂದು ತಿಳಿಯುವುದರಲ್ಲಿ ಬೆಳೆಯೆಲ್ಲ ಇದೆ. ಅತ್ತಿಗೆ ಬಾಗಿಲಲ್ಲಿ ನಿಂತು ಮೂಗಿನಿಂದಲೇ ತಿಳಿದು ಹೇಳುತ್ತಿದ್ದರು. ಮಲಗಿದ ಹುಳುವಿನ ಮನೆಗೆ ಒಂದು ವಾಸನೆ, ಎದ್ದ ಹುಳುವಿನ ಮನೆಗೆ ಒಂದು. ನನಗೆ ಎರಡೂ ಒಂದೇ.

ಅಣ್ಣ ಊರಿಗೆ ಬಂದವರು ಹುಳುಮನೆಗೆ ಮೊದಲು ಶಾಖ ಅಳೆಯುವುದನ್ನು ತಂದರು, ಆಮೇಲೆ ತೇವ ಅಳೆಯುವುದನ್ನು. ಆಮೇಲೆ ಕತ್ತಲಲ್ಲೂ ಕಾಣುವ ಕ್ಯಾಮೆರಾ. ಕೊನೆಗೆ ಬಾಗಿಲಿಗೆ ಫೋನಿನಿಂದ ತೆಗೆಯುವ ಬೀಗ. ಬೀಗಕ್ಕೆ ಅವರದೊಂದು ಕಾರಣವಿತ್ತು, ಅದು ತಪ್ಪೂ ಅಲ್ಲ. ರೋಗ ಹುಳುಮನೆಗೆ ಮನುಷ್ಯರ ಕಾಲಿನ ಜೊತೆಗೇ ಬರುತ್ತದೆ. ಕಂಡವರು ನುಗ್ಗಬಾರದು, ಕೈಕಾಲು ತೊಳೆಯದೆ ಯಾರೂ ಒಳಗೆ ಹೋಗಬಾರದು. ಬೀಗ ಹಾಕಿದ ಮೇಲೆ ಎರಡು ಬೆಳೆ ಚೆನ್ನಾಗೇ ಬಂದವು. ಇದನ್ನು ಹೇಳದೆ ಹೋದರೆ ಅವರಿಗೆ ಅನ್ಯಾಯ. ಸುತ್ತಲ ಊರಿನವರು ನೋಡಲು ಬರುತ್ತಿದ್ದರು. ಅಣ್ಣ ಅವರನ್ನು ಜಗಲಿಯ ಮೇಲೆ ಕೂರಿಸಿ ಫೋನು ಹಿಡಿಯುತ್ತಿದ್ದರು. ಹುಳುಮನೆ ಹತ್ತು ಹೆಜ್ಜೆ ದೂರ.

ಒಬ್ಬರು ಕೇಳಿಯೇ ಬಿಟ್ಟರು. ‘ಅಲ್ಲೇ ಅವಲ್ಲ ಸ್ವಾಮಿ, ಬಾಗ್ಲು ತಗುದ್ರೆ ಕಾಣ್ತವೆ.’

‘ಕಾಣ್ತವೆ. ಇಷ್ಟ್ ಚೆನ್ನಾಗ್ ಕಾಣಲ್ಲ.’

ಅತ್ತಿಗೆ ಸೊಪ್ಪಿನ ಕುಕ್ಕೆಯನ್ನು ಸೊಂಟಕ್ಕೆ ಆನಿಸಿಕೊಂಡು ಹುಳುಮನೆ ಬಾಗಿಲಲ್ಲಿ ನಿಂತು ಗಂಡನಿಗೆ ಫೋನು ಮಾಡುತ್ತಿದ್ದರು. ಗಂಡ ಜಗಲಿಯ ಮೇಲೇ ಇದ್ದರೂ ಅಷ್ಟೇ. ‘ತಗೀರಿ.’ ಅಣ್ಣ ಮೊದಲು ಕ್ಯಾಮೆರಾದಲ್ಲಿ ಹುಳು ನೋಡಿ, ಶಾಖ ನೋಡಿ, ಆಮೇಲೆ ಒತ್ತುತ್ತಿದ್ದರು. ಬೀಗ ಟಕ್ ಎನ್ನುತ್ತಿತ್ತು. ‘ನಮ್ಮೂರ್ ದೇವ್ರೂ ಇಷ್ಟ್ ಕಾಯ್ಸಲ್ಲ’ ಎಂದು ಅತ್ತಿಗೆ ಒಳಗೆ ಹೋಗುತ್ತಿದ್ದರು.

ಈಗ ಮದುವೆ. ಹೋದ ವರ್ಷದ ಬೇಸಿಗೆ, ಅಗರದಲ್ಲಿ, ಅತ್ತಿಗೆಯ ಒಡಹುಟ್ಟಿದ ಅಣ್ಣನ ಮಗಳದು. ಸೋದರತ್ತೆ ಮುಂದೆ ನಿಂತು ಮಾಡಬೇಕಾದದ್ದು ಬೇಕಾದಷ್ಟಿತ್ತು. ಆದರೆ ಚಪ್ಪರದ ದಿನವೇ ಹುಳು ನಾಲ್ಕನೇ ಜ್ವರಕ್ಕೆ ಕೂತವು. ‘ನೀನೂ ಬಾ, ನಾನ್ ಅಲ್ಲಿಂದ್ಲೇ ನೋಡ್ಕತೀನಿ’ ಎಂದರು ಅಣ್ಣ. ಅವರು ಎರಡನೇ ಸಲ ಹೇಳುವ ಮೊದಲೇ ಅತ್ತಿಗೆ ತಾವು ಹೋಗುವುದಿಲ್ಲ ಎಂದು ಮುಗಿಸಿದ್ದರು. ಬೆಳಿಗ್ಗೆ ಹುಳುಗಳ ಮೇಲೆ ಸುಣ್ಣ ಎರಚಿ ಹೊರಗೆ ಬಂದರು, ಬೀಗ ಬಿತ್ತು. ಅಣ್ಣ ನನ್ನನ್ನು ಸ್ಕೂಟರಿನ ಹಿಂದೆ ಕೂರಿಸಿಕೊಂಡು ಅಗರಕ್ಕೆ ಹೊರಟರು. ಅತ್ತಿಗೆ ಧಾರೆಗೆ ಎಂದು ತೆಗೆದಿಟ್ಟಿದ್ದ ಸೀರೆಯನ್ನು ಮಡಿಸಿ ಮತ್ತೆ ಪೆಟ್ಟಿಗೆಗೆ ಇಡುತ್ತಿದ್ದುದನ್ನು ನಾನು ನೋಡಿದೆ.

ಮಾರನೆಯ ದಿನ ಧಾರೆ ಮುಗಿದು ಪಂಕ್ತಿಯಲ್ಲಿ ಕೂತಿದ್ದೆವು. ಅತ್ತಿಗೆಯ ಫೋನು. ಸುತ್ತ ಗದ್ದಲವಿತ್ತು, ಅಣ್ಣ ಸ್ಪೀಕರಿಗೆ ಹಾಕಿದರು.

‘ಎದ್ದವೆ. ತಗೀರಿ.’

ಅಣ್ಣ ಕ್ಯಾಮೆರಾ ನೋಡಿದರು. ‘ಒಂದೂ ಎದ್ದಿಲ್ಲ ಕಣೆ.’

‘ವಾಸ್ನೆ ಬತ್ತಾದೆ ಅಂತೀನಿ.’

‘ವಾಸ್ನೆ ನಂಬ್ಕಂಡು ಸೊಪ್ಪಾಕಕಾದದಾ? ಕಣ್ಣೆದ್ರುಗೇ ಕಾಣ್ತಾ ಅವೆ, ಮಲ್ಗವೆ.’

‘ಕಣ್ಣೆದ್ರುಗೆ ಇರೋಳು ನಾನು. ನೀವು ಅಗ್ರದಲ್ಲಿದೀರಿ.’

ಎದುರು ಸಾಲಿನಲ್ಲಿ ಕೂತವರೊಬ್ಬರು ನಕ್ಕರು. ‘ಏನ್ ಬಾವ, ಅಕ್ಕ ಅಲ್ಲಿಂದ್ಲೇ ಬಾರುಸ್ತಾ ಅವ್ಳಲ್ಲ!’

ಅಣ್ಣನ ಮುಖ ಸಣ್ಣದಾಯಿತು. ಫೋನನ್ನು ನನ್ನ ಎಡಗೈಗೆ ತುರುಕಿದರು. ‘ಮೇಷ್ಟ್ರೆ, ನೀನೇ ನೋಡ್ಲಾ. ಒಂದ್ ತಲೆನಾದ್ರೂ ಅಳ್ಳಾಡ್ತಾ?’

ನನ್ನ ಬಲಗೈ ಪಾಯಸದಲ್ಲಿತ್ತು. ನೋಡಿದೆ. ಎಷ್ಟು ಹೊತ್ತು ನೋಡಿದೆ ಎಂದು ಬರೆಯಲು ಆಸೆ. ಎರಡು ಉಸಿರಿನಷ್ಟು ಎನ್ನೋಣ. ತಲೆ ಎತ್ತಿದ ಹುಳುಗಳು, ಸಾಲು ಸಾಲು, ಮೇಲೆ ಸುಣ್ಣದ ಬಿಳುಪು. ‘ಇಲ್ಲ’ ಅಂದೆ.

‘ಯಾರು, ಮೇಷ್ಟ್ರಾ? ನೀನ್ ನೋಡ್ದಾ?’ ಎಂದಿತು ಫೋನು.

‘ನೋಡ್ದೆ ಅತ್ಗೆ. ಮಲ್ಗವೆ.’

‘ಊಂ’ ಎಂದರು. ಗಂಡನ ಮಾತಿಗೆ ಅಷ್ಟು ಸುಲಭವಾಗಿ ಸುಮ್ಮನಾಗುವವರಲ್ಲ ಅವರು. ನನ್ನ ಮಾತಿಗೆ ಸುಮ್ಮನಾದರು.

ಸಂಜೆ ಇನ್ನೊಂದು ಸಲ ಫೋನು ಬಂತು. ಅಣ್ಣ ಎದ್ದು ಚಪ್ಪರದ ಆಚೆಗೆ ಹೋಗಿ ಮಾತಾಡಿದರು. ಮೂರನೆಯ ದಿನ ಬೀಗರ ಊಟ. ಅವತ್ತು ಫೋನು ಬರಲಿಲ್ಲ. ‘ನೋಡ್ದಾ, ಸುಮ್ಕಾದ್ಲು’ ಎಂದರು ಅಣ್ಣ. ಆ ಮಧ್ಯಾಹ್ನ ನಾವು ಮಧುವನಹಳ್ಳಿ ತಲುಪಿದಾಗ ಹುಳುಮನೆಯ ಕಿಟಕಿಯ ಬಲೆ ಕೊಯ್ದು ನೇತಾಡುತ್ತಿತ್ತು. ಆಳೆತ್ತರದ ಆ ಕಿಟಕಿಯ ಕೆಳಗೆ ಬೋರಲು ಹಾಕಿದ ತೊಟ್ಟಿ. ತೊಟ್ಟಿಯ ಮೇಲೆ ಕುಡುಗೋಲು.

ಆಮೇಲೆ ತಿಳಿದದ್ದು ಇಷ್ಟು. ಮನೆಯಲ್ಲಿ ಇಂಟರ್ನೆಟ್ಟು ಕೊಡುವ ಡಬ್ಬ ನಾವು ಹೊರಟ ಬೆಳಿಗ್ಗೆಯೇ ಕೆಟ್ಟು ನಿಂತಿತ್ತು. ಅಲ್ಲಿಂದ ಮುಂದೆ ಫೋನಿನಲ್ಲಿದ್ದದ್ದು ಒಂದೇ ಪಟ. ಬೇರೆ ಯಾವ ದಿನವಾದರೂ ಪಟ ನಿಂತಿದ್ದರೆ ಅಣ್ಣನಿಗೆ ಕ್ಷಣದಲ್ಲಿ ಗೊತ್ತಾಗುತ್ತಿತ್ತು. ತಿನ್ನುವ ಹುಳು ಒಂದು ಗಳಿಗೆ ಸುಮ್ಮನಿರುವುದಿಲ್ಲ. ಆದರೆ ಜ್ವರದ ಹುಳು ಇರುವುದೇ ಹಾಗೆ. ಬೀಗಕ್ಕೆ ಬೇರೆ ಸಿಮ್ಮು ಇತ್ತು, ಅದು ಸರಿಯಾಗೇ ಇತ್ತು. ಅತ್ತಿಗೆ ಮೂರನೆಯ ದಿನ ಬೆಳಿಗ್ಗೆ ಕಿಟಕಿಯ ಬಲೆಗೆ ಒಳಗಿನಿಂದ ಒಂದು ಹುಳು ಹತ್ತಿ ಬಂದು ತಲೆ ಆಡಿಸುತ್ತಿದ್ದುದನ್ನು ಕಂಡರಂತೆ. ಆಮೇಲೆ ಯಾರನ್ನೂ ಕೇಳಲಿಲ್ಲ.

ನಾವು ಹೋದಾಗ ಅವರು ಒಳಗೆ ಸೊಪ್ಪು ಹಾಸುತ್ತಿದ್ದರು. ಮುಂಗೈ ಗೀರಿ ರಕ್ತ ಒಣಗಿತ್ತು. ಹುಳುಗಳು ತಟ್ಟೆ ಬಿಟ್ಟು ಕಂಬ ಹತ್ತಿದ್ದವು, ಗೋಡೆ ಹತ್ತಿದ್ದವು, ನೆಲದ ಮೇಲೂ ಇದ್ದವು. ಅಣ್ಣ ಬಾಗಿಲ ಮುಂದೆ ನಿಂತು ಫೋನು ಒತ್ತಿದರು. ಪಕ್ಕದ ಕಿಟಕಿ ಬಾಯಿ ಬಿಟ್ಟುಕೊಂಡಿತ್ತು. ಬೀಗ ಟಕ್ ಎಂದಿತು. ಬಾಗಿಲು ತಳ್ಳಿ ಒಳಗೆ ಹೋಗಿ ಒಂದು ಹುಳುವಿಗೆ ಕೈ ಚಾಚಿದರು.

‘ಮುಟ್ಬ್ಯಾಡಿ. ಕೈ ತೊಳ್ಕಂಡ್ ಬನ್ನಿ.’

ಅತ್ತಿಗೆ ತಲೆ ಎತ್ತಲಿಲ್ಲ. ಅಣ್ಣ ನಲ್ಲಿಗೆ ಹೋಗಿ ಮೊಣಕೈವರೆಗೆ ತೊಳೆದುಕೊಂಡರು, ಬಹಳ ಹೊತ್ತು. ವಾಪಸು ಬರುವಾಗ ಒದ್ದೆ ಕೈಯಲ್ಲೇ ಫೋನು ತೆಗೆದು ನೋಡಿದರು. ಒಳಗೆ ನೋಡಿದರು. ಮತ್ತೆ ಫೋನು ನೋಡಿದರು.

‘ಇದ್ರಲ್ಲಿ ಇನ್ನೂ ಮಲ್ಗವೆ’ ಎಂದರು.

ಬೇರೆ ಎಲ್ಲದರ ಬಗ್ಗೆ ಅನುಮಾನ ಪಡುವ ನಾನು ಈ ಒಂದು ಮಾತಿನ ಬಗ್ಗೆ ಪಡುವುದಿಲ್ಲ. ತಮಾಷೆಗೆ ಹೇಳಿದ ಮಾತಲ್ಲ, ತಪ್ಪೊಪ್ಪಿಗೆಯೂ ಅಲ್ಲ. ಬಸ್ಸು ಇನ್ನೂ ಬಂದಿಲ್ಲ ಎಂದು ಹೇಳುವ ಹಾಗೆ ಹೇಳಿದರು. ಎರಡು ಕಡೆಯೂ ಅವರಿಗೆ ಒಂದೇ ತೂಕವಾಗಿತ್ತು.

ಆ ವಾರದಲ್ಲೇ ಹುಳುಗಳಿಗೆ ಸಪ್ಪೆ ರೋಗ ಬಂತು. ಮೆತ್ತಗಾಗಿ, ಕಪ್ಪಾಗಿ, ನಾರತೊಡಗಿದವು. ಮುಕ್ಕಾಲು ಪಾಲು ಗುಂಡಿಗೆ ಹೋಯಿತು. ಅತ್ತಿಗೆ ಮೊರದಲ್ಲಿ ತಂದು ಸುರಿದು ಮೇಲೆ ಸುಣ್ಣ ಎರಚುತ್ತಿದ್ದರು. ಉಳಿದವು ಕಟ್ಟಿದ ಗೂಡು ಬೆರಳಿನಲ್ಲಿ ಅದುಮಿದರೆ ಒಳಕ್ಕೆ ಹೋಗುವಷ್ಟು ತೆಳು. ಅತ್ತಿಗೆ ನನಗೆ ಒಂದು ಮಾತೂ ಅನ್ನಲಿಲ್ಲ. ಅಂದಿದ್ದರೆ ಈ ಬರಹ ಬೇರೆಯಾಗಿರುತ್ತಿತ್ತು.

ಇಲ್ಲಿಗೆ ಅಣ್ಣ ಬದಲಾದರು ಎಂದು ಬರೆದರೆ ಸುಲಭ. ಬದಲಾಗಲಿಲ್ಲ. ‘ನೆಟ್ಟು ಓಗ್ಬುಟ್ಟಿತ್ತು. ಮಿಷಿನ್ದೇನ್ ತಪ್ಪಿಲ್ಲ’ ಎಂದರು. ಎರಡನೇ ಕ್ಯಾಮೆರಾ ಹಾಕಿಸಿದರು. ಪಟ ನಿಂತಿದೆಯೋ ಓಡುತ್ತಿದೆಯೋ ತಿಳಿಯಲಿ ಎಂದು ಹುಳುಗಳ ನಡುವೆ ಒಂದು ಗೋಡೆ ಗಡಿಯಾರವನ್ನೂ ತೂಗುಹಾಕಿದರು. ಆಮೇಲೆ ಅವರು ನೋಡುತ್ತಿದ್ದದ್ದು ಸೆಕೆಂಡಿನ ಮುಳ್ಳನ್ನೇ. ಒಂದು ದಿನ ಗಡಿಯಾರದ ಸೆಲ್ಲು ಮುಗಿಯಿತು. ‘ನಿಂತೋಯ್ತು, ಎಲ್ಲಾ ನಿಂತೋಯ್ತು’ ಎಂದು ಕೂಗುತ್ತ ಓಡಿದರಂತೆ. ಒಳಗೆ ಹುಳು ಸೊಪ್ಪು ಮೇಯುತ್ತಿದ್ದವು. ಇದನ್ನು ಅತ್ತಿಗೆಯೇ ಸೆರಗು ಬಾಯಿಗೆ ಒತ್ತಿಕೊಂಡು ನಗುತ್ತ ಹೇಳಿದ್ದು.

ಆ ಹೊತ್ತಿಗೆ ಅತ್ತಿಗೆ ತಮ್ಮ ಹುಳುಗಳನ್ನು ಬೇರೆ ಮಾಡಿಕೊಂಡಿದ್ದರು. ಪಡಸಾಲೆಯಲ್ಲಿ ಹಳೆಯ ಬಿದಿರು ತಟ್ಟೆಗಳು, ಬಾಗಿಲಿಗೆ ಒಂದು ಗೋಣಿ ಪರದೆ, ಅಷ್ಟೇ. ತೋಟದ ಸೊಪ್ಪಿನಲ್ಲಿ ಅರ್ಧ ಅವರಿಗೆ, ಅರ್ಧ ಅಣ್ಣನಿಗೆ. ‘ಒಂದೇ ಒಲೆ, ಎರಡ್ ಉಳಮನೆ’ ಎಂದು ಬೀದಿಯವರು ಆಡಿಕೊಂಡರು. ಅಣ್ಣ ಪಡಸಾಲೆಗೆ ಕಾಲಿಡುವ ಮೊದಲು ಫೋನನ್ನು ಜಗಲಿಯ ಮೇಲೆ ಬಿಟ್ಟು ಕೈ ತೊಳೆದುಕೊಳ್ಳುತ್ತಿದ್ದರು. ನಾನು ನೋಡಿದ್ದು ಎರಡು ಸಲ. ಎರಡು ಸಲ ನೋಡಿದ್ದನ್ನು ‘ಯಾವಾಗಲೂ’ ಎಂದು ಬರೆಯುವ ಆಸೆಯಾಗುತ್ತದೆ. ಬರೆಯುವುದಿಲ್ಲ.

ಮೂರು ವಾರದ ಹಿಂದೆ ಅತ್ತಿಗೆ ನನ್ನನ್ನು ಕರೆದರು. ಗೋಡೆಗೂಡಿನಲ್ಲಿ ಅಣ್ಣನ ಫೋನು ಇತ್ತು, ಒಂದು ಟವೆಲ್ಲಿನಲ್ಲಿ ಸುತ್ತಿ. ‘ಇದ್ ತಗಿಯಕಾದದಾ ನೋಡು’ ಅಂದರು. ಆಗಲಿಲ್ಲ. ಅದು ತೆರೆಯುತ್ತಿದ್ದದ್ದು ಅವರ ಬೆರಳಿಗೆ. ನಂಬರು ಯಾರಿಗೂ ಹೇಳಿಲ್ಲ.

‘ಏನ್ ಬೇಕಿತ್ತು ಅತ್ಗೆ?’

‘ಸಾಯಕೆ ನಾಕ್ ದಿನ ಮುಂಚೆ, ಉಣ್ತಾ ಕೂತಿದ್ರು. ಆವತ್ತು ಪಟದಲ್ಲಿ ನಿನ್ ಕೈ ಇತ್ತು ಕಣೆ, ಸುಣ್ಣ ಎರಚ್ತಿದ್ದ ಕೈ, ಅಂದ್ರು. ಅಷ್ಟೇ. ನಾನೂ ಕೇಳ್ನಿಲ್ಲ, ಅವ್ರೂ ಏಳ್ನಿಲ್ಲ.’ ಟವೆಲ್ಲನ್ನು ಮತ್ತೆ ಸುತ್ತಿದರು. ‘ನೀನೂ ನೋಡುದ್ಯಲ್ಲ ಮೇಷ್ಟ್ರೆ. ಇತ್ತಾ?’

‘ಇದ್ರೇನು ಅತ್ಗೆ, ಈಗ?’

‘ಇದ್ರೆ ಎರಡ್ ದಿನ ಕೈ ಅಂಗೇ ನಿಂತಿತ್ತಲ್ಲಪ್ಪ. ಇಬ್ರೂ ಬರೀ ಉಳ ನೋಡುದ್ರಿ.’

ನೆನಪಿಲ್ಲ ಎಂದೆ. ಆಗ ಅದು ನಿಜವಾಗಿತ್ತು. ಮನೆಗೆ ಬರುವಷ್ಟರಲ್ಲಿ ಪಟದ ಮೂಲೆಗೆ ಕೈ ಬಂದಿತ್ತು. ಮಾರನೆಯ ದಿನ ಕೈಗೆ ಬಳೆ ಬಂತು. ಆ ಪಟ ಫೋನಿನೊಳಗೆ ಉಳಿದಿದೆಯೋ ಅಳಿದಿದೆಯೋ ಗೊತ್ತಿಲ್ಲ. ಅಣ್ಣ ಕೈಯನ್ನು ಅಗರದಲ್ಲೇ ನೋಡಿದ್ದರೋ, ಎಲ್ಲ ಮುಗಿದ ಮೇಲೆ ಒಬ್ಬರೇ ಕೂತಾಗ ನೋಡಿದರೋ, ಗೊತ್ತಿಲ್ಲ. ಆ ದಿನ ಪಾಯಸದ ಮುಂದೆ ಕೂತು ನಾನು ಏನನ್ನು ನೋಡಿ ‘ಮಲ್ಗವೆ’ ಅಂದೆ, ಅದು ನನಗೂ ಗೊತ್ತಿಲ್ಲ.